ಭಾವ ನಿಲ್ಲುತ್ತಿದ್ದ ಜಾಗ

ಅಕ್ಟೋಬರ್ 6

ಅಕ್ಕಾ,

ನೀನು ದ್ವೀಪಕ್ಕೆ ಹೋದ ಮೇಲೆ ಇದೇ ನನ್ನ ಮೊದಲ ಕಾಗದ. ಬರೆಯಲು ಕೂರುವುದು, ಏನು ಬರೆಯಲಿ ಎಂದು ಏಳುವುದು, ಹೀಗೇ ನಡೆದಿತ್ತು. ಈಗ ಒಂದು ಒಳ್ಳೆಯ ಸುದ್ದಿ ಸಿಕ್ಕಿತು. ನಿನ್ನೆ ನಾವು ಗೆದ್ದೆವು. ಹೋದ ವರ್ಷ ಬ್ಯಾಸ್ಕೆಟ್‌ಬಾಲ್ ಲೀಗಿನಲ್ಲಿ ಕಟ್ಟಕಡೆಗೆ ಬಂದವರು, ಈ ವರ್ಷ ಭಾವನನ್ನೂ ಕಳೆದುಕೊಂಡವರು, ಮೊದಲ ಆಟವನ್ನೇ ಗೆದ್ದೆವು. ನಂಬು.

ಡ್ರೆಸ್ಸಿಂಗ್ ರೂಮಿನಿಂದ ಕೋರ್ಟಿಗೆ ಹೋಗುವ ಆ ಓಣಿಯಲ್ಲಿ ಈಗ ಯಾರೂ ಬಗ್ಗಿ ಷೂ ಲೇಸು ಕಟ್ಟುವುದಿಲ್ಲ. ಜುಲೈಯಲ್ಲಿ ಅಲ್ಲಿ ಬಗ್ಗಿದ ಭಾವ ಮತ್ತೆ ಏಳಲಿಲ್ಲವಲ್ಲ, ಅಂದಿನಿಂದ ಎಲ್ಲರೂ ಒಳಗೇ ಬಿಗಿದುಕೊಂಡು ಬರುತ್ತಾರೆ. ಅವರ ಬದಲಿಗೆ ಬಂದಿರುವ ಎತ್ತರದ ಆಟಗಾರನಿಗೆ ಕಂಬ ಎಂದು ಹೆಸರಿಟ್ಟಿದ್ದೇವೆ. ಎತ್ತರವೂ ಹಾಗೇ, ಅಲುಗಾಡುವುದೂ ಹಾಗೇ. ಒಳ್ಳೆಯವನು.

ಕೊನೆಯ ನಿಮಿಷದಲ್ಲಿ ಒಂದು ತಮಾಷೆಯಾಯಿತು. ಕೈಯ ಅಭ್ಯಾಸ ನೋಡು, ತಲೆಯೆತ್ತದೆ ಚೆಂಡನ್ನು ಎಡಮೂಲೆಗೆ, ಭಾವ ನಿಲ್ಲುತ್ತಿದ್ದ ಜಾಗಕ್ಕೆ ಎಸೆದುಬಿಟ್ಟೆ. ಪುಣ್ಯಕ್ಕೆ ಕಂಬ ಅಲ್ಲಿದ್ದ. ಹಿಡಿದು ನನಗೆ ವಾಪಸು ಕೊಟ್ಟ, ನಾನು ಬುಟ್ಟಿಗೆ ಹಾಕಿದೆ.

ಗಂಡನನ್ನು ಕಳಿಸಿಕೊಟ್ಟ ತಿಂಗಳಿಗೇ ನೀನು ಯಾರೂ ಹೋಗಲೊಲ್ಲದ ಹವಾಮಾನ ಕೇಂದ್ರದ ಕೆಲಸವನ್ನು ಕೇಳಿ ಪಡೆದೆ. ಆಗ ತಡೆಯಲು ನನಗೆ ಬಾಯಿ ಬರಲಿಲ್ಲ. ಊಟ ಸರಿಯಾಗಿ ಮಾಡು, ಅಷ್ಟು ಸಾಕು.

ಗುಬ್ಬಿ


ಅಕ್ಟೋಬರ್ 24

ಗುಬ್ಬೀ,

ಕಾಗದ ಕೈಸೇರಿತು. ದೋಣಿ ಹದಿನೈದು ದಿನಕ್ಕೊಮ್ಮೆ ಬರುವುದು, ಅದೂ ಸಮುದ್ರಕ್ಕೆ ಮನಸ್ಸಿದ್ದರೆ. ಇಲ್ಲಿ ನಾವು ನಾಲ್ಕೇ ಜನ. ನನ್ನ ಕೆಲಸವೆಂದರೆ ಗುಡ್ಡದ ಮೇಲಿನ ಹುಲ್ಲಿನಲ್ಲಿ ನಿಂತಿರುವ ಬಿಳಿ ಜಾಲಂದ್ರದ ಪೆಟ್ಟಿಗೆ ತೆರೆದು ಥರ್ಮಾಮೀಟರ್ ನೋಡುವುದು, ಮಳೆಯ ಪಾತ್ರೆ ಅಳೆಯುವುದು, ಗಾಳಿ ಎತ್ತ ಬೀಸುತ್ತಿದೆ ಎಂದು ಗುರುತು ಹಾಕುವುದು. ವೈರ್‌ಲೆಸ್ಸಿನವಳು ಅದನ್ನು ದಡಕ್ಕೆ ತಿಳಿಸುತ್ತಾಳೆ. ಗಾಳಿಗೆ ಸಮಾಧಾನ ಹೇಳಲು ಬರುವುದಿಲ್ಲ, ಅದಕ್ಕೇ ಈ ಜಾಗ ನನಗೆ ಹಿಡಿಸಿದೆ.

ಅವಳ ರೇಡಿಯೋದಲ್ಲಿ ನಿಮ್ಮ ಆಟ ಕೇಳಿದೆ. ಗರಗರ ಸದ್ದಿನ ನಡುವೆ ಅರ್ಧಂಬರ್ಧ. ಕೊನೆಯ ನಿಮಿಷ ಮಾತ್ರ ನಿಚ್ಚಳವಾಗಿ ಕೇಳಿಸಿತು. ಕಂಬನಿಗೆ ಐದನೇ ಫೌಲಾಗಿ ಆಟದಿಂದ ಹೊರಬಿದ್ದು ಬೆಂಚಿನ ಮೇಲೆ ಕೂತಿದ್ದಾನೆ ಎಂದರು. ಗುಬ್ಬಿ ಖಾಲಿ ಜಾಗಕ್ಕೆ ಎಸೆದ ಎಂದರು. ಆಮೇಲೆ ವರದಿಗಾರ ಒಂದು ಗಳಿಗೆ ಬಾಯಿ ಮುಚ್ಚಿದ. ಜನರ ಸದ್ದೂ ಇಲ್ಲ. ಆಮೇಲೆ ಒಮ್ಮೆಲೇ ಕೂಗು.

ಬೆಂಚಿನ ಮೇಲಿದ್ದವನು ಚೆಂಡು ಹಿಡಿದದ್ದು ಹೇಗೆ? ಚಿಕ್ಕಂದಿನಲ್ಲಿ ಸುಳ್ಳು ಹೇಳುವಾಗ ನಿನ್ನ ಕಿವಿ ಕೆಂಪಾಗುತ್ತಿತ್ತು. ಕಾಗದದಲ್ಲಿ ಕಿವಿ ಕಾಣುವುದಿಲ್ಲವೆಂಬ ಧೈರ್ಯವೇ? ನಿಜ ಬರೆ. ನಾನೇನೂ ಗಾಜಿನ ಪಾತ್ರೆಯಲ್ಲ.

ಅಕ್ಕ


ನವೆಂಬರ್ 15

ಅಕ್ಕಾ,

ಸರಿ. ಕೇಳು.

ಅಲ್ಲಿ ಯಾರೂ ಇರಲಿಲ್ಲ. ಚೆಂಡು ಅಂಗೈಗೆ ಬಿದ್ದಾಗ ಬರುವ ಸದ್ದು ಬಂತು. ಅದು ಗಾಳಿಯಲ್ಲಿ ಒಂದಿಷ್ಟು ನಿಂತಿತು. ಆಮೇಲೆ ನೆಲಕ್ಕೆ ಒಮ್ಮೆ ಬಡಿದು ನೇರ ನನ್ನ ಎದೆಗೆ ಬಂತು, ಭಾವ ಕೊಡುತ್ತಿದ್ದ ಹಾಗೆಯೇ, ಸ್ವಲ್ಪ ಎಡಕ್ಕೆ ತಿರುಚಿ. ನೋಡಿದವರು ಏನೋ ವಿಚಿತ್ರ ಪುಟಿತ ಎಂದುಕೊಂಡರು. ನಾನೂ ಹಾಗೇ ಅಂದುಕೊಳ್ಳಲು ಪಾಡುಪಟ್ಟೆ.

ಅಂದಿನಿಂದ ಸೋತೇ ಇಲ್ಲ. ಹೋದ ವಾರದ ಆಟ ಮುಗಿದ ಮೇಲೆ ಎದುರು ತಂಡದ ದೊಡ್ಡ ಆಳು ನಮ್ಮ ಮೇಷ್ಟ್ರ ಹತ್ತಿರ ಬಂದು ದೂರು ಹೇಳಿದ. ಕೋಚನ್ನು ನಾವು ಮೇಷ್ಟ್ರು ಅಂತಲೇ ಕರೆಯುವುದು, ನಿನಗೆ ಗೊತ್ತಲ್ಲ. "ನಿಮ್ಮ ಉದ್ದದವನಿಗೆ ಹೇಳಿ ಸಾರ್, ಹಿಂದೆ ನಿಂತ್ಕೊಂಡು ಚಡ್ಡಿ ಹಿಡ್ಕೊಳ್ಳೋದು ಆಟ ಅಲ್ಲ" ಅಂದ. ಕಂಬ ಅಷ್ಟೂ ಹೊತ್ತು ಕೋರ್ಟಿನ ಆ ತುದಿಯಲ್ಲಿದ್ದ. ರೆಫರಿಗೆ ಕಾಣದಂತೆ ಎರಡೇ ಬೆರಳಲ್ಲಿ ಚಡ್ಡಿ ಹಿಡಿಯುತ್ತಿದ್ದವರು ಯಾರೆಂದು ನಿನಗೆ ಹೇಳಬೇಕೇ? ಮೇಷ್ಟ್ರು ಮಾರನೆಯ ದಿನ ಬೋರ್ಡಿನ ಮೇಲೆ ಆಟದ ಪಟ್ಟು ಬರೆಯುವಾಗ ಎಡಮೂಲೆಯಲ್ಲಿ ಒಂದು ಸೊನ್ನೆ ಸುತ್ತಿ, ಅಲ್ಲಿಗೆ ಯಾರೂ ಹೋಗುವುದು ಬೇಡ ಎಂದರು.

ಆ ಜಾಗದ ಹತ್ತಿರ ಓಡುವಾಗ ಬೆವರು ತಣ್ಣಗಾಗುತ್ತದೆ. ಭಯವಾಗುತ್ತದೆ, ಸಂತೋಷವೂ ಆಗುತ್ತದೆ. ನಿನಗೆ ಬೇಡವೆಂದರೆ ಇನ್ನು ಬರೆಯುವುದಿಲ್ಲ.

ಗುಬ್ಬಿ


ಡಿಸೆಂಬರ್ 2

ಗುಬ್ಬೀ,

ಚಡ್ಡಿಯ ಸುದ್ದಿ ಓದಿ ಎಷ್ಟು ನಕ್ಕೆನೆಂದರೆ ವೈರ್‌ಲೆಸ್ಸಿನವಳು ಪಕ್ಕದ ಕೋಣೆಯಿಂದ ಎದ್ದು ಬಂದಳು. ಮದುವೆಯ ದಿನವೂ ಅವರು ಹಾಗೇ, ಫೋಟೋದಲ್ಲಿ ಕಾಣದಂತೆ ಎರಡು ಬೆರಳಲ್ಲಿ ನನ್ನ ಸೆರಗು ಹಿಡಿದು ನಿಂತಿದ್ದರು. ಬರೆಯುವುದು ಬೇಡ ಎಂದು ಯಾಕೆ ಹೇಳಲಿ? ಎಲ್ಲ ಬರೆ.

ಒಂದೆರಡು ಪ್ರಶ್ನೆ. ನಿಮ್ಮ ಆಟ ಶುರುವಾಗುವುದು ಸಂಜೆಯಾದರೂ ಬೆಳಗಿನಿಂದಲೇ ಆ ಜಾಗ ತಣ್ಣಗಿರುತ್ತದೆಯೇ? ಆಟವಿಲ್ಲದ ದಿನ, ಬರೀ ಅಭ್ಯಾಸದ ದಿನ, ಅಲ್ಲಿಗೆ ಚೆಂಡು ಎಸೆದರೆ ಏನಾಗುತ್ತದೆ? ಸುಮ್ಮನೆ ಕೇಳಿದೆ. ಸೀಸನ್ನಿನ ಪೂರ್ತಿ ವೇಳಾಪಟ್ಟಿ ಕಳಿಸು. ಕೊನೆಯ ಆಟ ಯಾವತ್ತು ಎಂದೂ ಗುರುತು ಮಾಡು.

ಇಲ್ಲಿ ಚಳಿ. ನಾನು ಚೆನ್ನಾಗಿದ್ದೇನೆ. ಇಷ್ಟು ಚೆನ್ನಾಗಿದ್ದು ಬಹಳ ದಿನವಾಗಿತ್ತು.

ಅಕ್ಕ


ಜನವರಿ 10

ಅಕ್ಕಾ,

ವೇಳಾಪಟ್ಟಿ ಇದರ ಜೊತೆಗಿದೆ. ಲೀಗಿನಲ್ಲಿ ನಾವೇ ಮೇಲೆ. ಫೆಬ್ರವರಿ ಕೊನೆಯಿಂದ ನಾಕೌಟ್ ಆಟಗಳು, ಒಂದು ಸೋತರೆ ಅಲ್ಲಿಗೇ ಸೀಸನ್ ಮುಗಿಯಿತು. ಎಲ್ಲ ಗೆದ್ದರೆ ಮಾರ್ಚ್ 28ಕ್ಕೆ ಫೈನಲ್.

ನೀನು ಕೇಳಿದ್ದನ್ನು ಪರೀಕ್ಷೆ ಮಾಡಿ ನೋಡಿದೆ. ಅಭ್ಯಾಸದ ದಿನ ಅಲ್ಲಿ ಏನೂ ಇಲ್ಲ. ಚೆಂಡು ಗೋಡೆಗೆ ಬಡಿದು ಉರುಳಿಹೋಯಿತು, ಕಂಬ ಬಯ್ದುಕೊಂಡು ಹೋಗಿ ತಂದ. ಆಟದ ದಿನ ಮಾತ್ರ ಬೆಳಗಿನಿಂದಲೇ ಆ ಮೂಲೆ ಬೇರೆ. ನೆಲ ಒರೆಸುವವಳು ಅಂದು ಅಲ್ಲಿ ಒರೆಸುವುದಿಲ್ಲ. ಯಾರೋ ನಿಂತಿದ್ದರೆ ಬಳಸಿಕೊಂಡು ಹೋಗುವಂತೆ ಹೋಗುತ್ತಾಳೆ.

ಇದನ್ನೆಲ್ಲ ಯಾಕೆ ಕೇಳಿದೆ? ನೀನು ಚೆನ್ನಾಗಿದ್ದೇನೆ ಎಂದು ಬರೆದ ಸಾಲನ್ನು ನಾನು ಮತ್ತೆ ಮತ್ತೆ ಓದಿದೆ. ಯಾಕೋ ಅದೇ ಸಾಲು ಮನಸ್ಸಿಗೆ ಸರಿಬರಲಿಲ್ಲ. ರಜೆ ಹಾಕಿ ಬಂದುಬಿಡು. ನನ್ನ ಕೋಣೆಯಲ್ಲಿ ಜಾಗವಿದೆ, ನಾನು ಪಡಸಾಲೆಯಲ್ಲಿ ಮಲಗುತ್ತೇನೆ.

ಗುಬ್ಬಿ


ಫೆಬ್ರವರಿ 3

ಗುಬ್ಬೀ,

ನಿನ್ನಿಂದ ಮುಚ್ಚಿಡುವುದು ನನಗೂ ಸಾಕಾಯಿತು. ನೀನು ಹೇಳಿದೆ, ನಾನೂ ಹೇಳುತ್ತೇನೆ. ಆಟವಿಲ್ಲದ ದಿನ ಅವರು ಇಲ್ಲಿರುತ್ತಾರೆ.

ಕತ್ತಲಲ್ಲಿ ಅಲ್ಲ. ಮಟಮಟ ಮಧ್ಯಾಹ್ನ, ನಾನು ಬಿಳಿ ಪೆಟ್ಟಿಗೆಯ ಬಾಗಿಲು ಮುಚ್ಚಿ ತಿರುಗುವಾಗ. ಪೆಟ್ಟಿಗೆಯ ಆಚೆ, ಬೇಲಿ ಬಿದ್ದುಹೋಗಿರುವ ಕಡೆ, ಹುಲ್ಲಿನಲ್ಲಿ ನಿಂತಿರುತ್ತಾರೆ. ಮೊದಲು ಕಂಡದ್ದು ನವೆಂಬರ್‌ನಲ್ಲಿ. ನನಗೆ ಬೆನ್ನು. ಕಾಲು ಅಗಲಿಸಿ, ಮೊಣಕಾಲು ಚೂರು ಬಗ್ಗಿಸಿ, ಎರಡೂ ಕೈ ಪಕ್ಕಕ್ಕೆ ಚಾಚಿ. ಇಲ್ಲಿಯೂ ಚೆಂಡು ಕೇಳುತ್ತಿದ್ದಾರಲ್ಲ ಎಂದು ಅಳುವ ಬದಲು ನಗು ಬಂತು. ಗಾಳಿ ಹುಲ್ಲನ್ನೆಲ್ಲ ಮಲಗಿಸುತ್ತದೆ, ಅವರ ಕಾಲ ಬಳಿಯ ಹುಲ್ಲು ಮಾತ್ರ ಅಲುಗುವುದಿಲ್ಲ. ಮುಖ ತೋರಿಸುವುದಿಲ್ಲ. ನಾನು ಹತ್ತಿರ ಹೋದರೆ ಅವರೂ ಬೆನ್ನು ತಿರುಗಿಸಿಕೊಂಡೇ ಹಿಂದಕ್ಕೆ, ನನ್ನ ಕಡೆಗೆ, ಒಂದು ಹೆಜ್ಜೆ ಇಡುತ್ತಾರೆ. ಆ ಬೆನ್ನಿನ ತಣುಪು ಎದೆಗೆ ತಾಗುತ್ತದೆ. ಅಷ್ಟರಲ್ಲೇ ನನ್ನ ದಿನ ಕಳೆಯುತ್ತದೆ.

ನನ್ನನ್ನು ಕರೆದುಕೊಂಡು ಹೋಗಿ ಎಂದು ಕೇಳಿದೆ. ಒಂದೇ ಮಾತು ಆಡಿದರು. "ಸೀಸನ್ ಮುಗೀಲಿ" ಅಂದರು. ಗೋಡೆಗೆ ಸುಣ್ಣ ಹೊಡೆಸಬೇಕೆಂದರೂ, ಹಲ್ಲಿನ ಡಾಕ್ಟರ ಹತ್ತಿರ ಹೋಗಬೇಕೆಂದರೂ ಅವರು ಆಡುತ್ತಿದ್ದದ್ದು ಅದೇ ತಾನೇ. ಅದೇ ದನಿ. ಆಮೇಲೆ ಎಷ್ಟು ಸಲ ಕೇಳಿದರೂ ಅದೇ ಉತ್ತರ.

ಮುನಿಸಿಕೊಳ್ಳಬೇಡ ಗುಬ್ಬಿ, ಈಗ ರೇಡಿಯೋ ಮುಂದೆ ಕೂತಾಗ ನೀವು ಸೋಲಲಿ ಎಂದು ಬಯಸುತ್ತೇನೆ. ಬೇಗ ಸೋಲಿ. ಸೀಸನ್ ಮುಗಿಯಲಿ.

ಅಕ್ಕ


ಫೆಬ್ರವರಿ 26

ಅಕ್ಕಾ,

ನಿನ್ನ ಕಾಗದ ಬಂದದ್ದು ಕ್ವಾರ್ಟರ್‌ಫೈನಲ್ ದಿನ ಬೆಳಿಗ್ಗೆ. ಅದನ್ನು ಓದಿದ ಮೇಲೆ ನಾನು ಆಡಿದ್ದು ಆಟವಲ್ಲ. ಸೋತರೆ ನಾಳೆಯೇ ನೀನು ಹೊರಟುಬಿಡುತ್ತೀ ಎಂದು ಓಡಿದೆ, ಬಿದ್ದೆ, ಗದ್ದ ಒಡೆದುಕೊಂಡೆ. ಒಂದೇ ಪಾಯಿಂಟಿನಲ್ಲಿ ಗೆದ್ದೆವು. ಜನ ಹೆಗಲ ಮೇಲೆ ಹೊತ್ತು ಕುಣಿದರು. ನಾನು ಮಾರ್ಚ್ 28ಕ್ಕೆ ಇನ್ನೆಷ್ಟು ದಿನ ಉಳಿದವು ಎಂದು ಲೆಕ್ಕ ಹಾಕುತ್ತಿದ್ದೆ.

ಒಂದು ಮಾತು ಗಮನವಿಟ್ಟು ಓದು. ಅದು ಚೆಂಡು ಕೇಳುವ ಭಂಗಿಯಲ್ಲ. ಚೆಂಡು ಕೇಳುವಾಗ ಭಾವ ಒಂದೇ ಕೈ ಚಾಚುತ್ತಿದ್ದರು, ಬಲಗೈ. ಎರಡೂ ಕೈ ಅಗಲಿಸಿ, ಮೊಣಕಾಲು ಬಗ್ಗಿಸಿ, ಹಿಂದಿನವರನ್ನು ಬೆನ್ನಿನಿಂದ ಹಿಂದಕ್ಕೆ ಒತ್ತಿ ನಿಲ್ಲುವುದನ್ನು ನಾವು ಬಾಕ್ಸ್ ಔಟ್ ಅನ್ನುತ್ತೇವೆ. ಎದುರಾಳಿ ನುಗ್ಗಿ ಚೆಂಡಿನ ಕಡೆ ಹೋಗದಂತೆ ತಡೆಯುವುದು ಹಾಗೆ. ಅವರು ನಿನಗೆ ಬೆನ್ನು ತಿರುಗಿಸಿ ನಿಂತಿಲ್ಲ. ನಿನ್ನನ್ನು ತಡೆದು ನಿಂತಿದ್ದಾರೆ.

ಅವರ ಆಚೆ ಏನಿದೆ, ಅಕ್ಕಾ?

ಬಂದರಿಗೆ ಹೋಗಿ ಕೇಳಿದೆ. ಸಮುದ್ರ ಒರಟಾಗಿದೆಯಂತೆ. ದೋಣಿಯವರು ಟಪಾಲಿನ ಚೀಲ ಹಗ್ಗದಲ್ಲಿ ಇಳಿಸಿ ಬರುತ್ತಾರೆ, ಏಪ್ರಿಲ್ ತನಕ ಜನರನ್ನು ಹತ್ತಿಸಿಕೊಳ್ಳುವುದಿಲ್ಲ. ವೈರ್‌ಲೆಸ್ಸಿನಲ್ಲಿ ಹೇಳಿಸೋಣವೆಂದರೆ ಇದನ್ನು ಯಾರ ಬಾಯಲ್ಲಿ ಹೇಳಿಸಲಿ? ಅಕ್ಕನನ್ನು ಒಬ್ಬಳೇ ಬಿಡಬೇಡಿ ಎಂದಷ್ಟೇ ಹೇಳಿಸಿದ್ದೇನೆ.

ನಾವು ಗೆಲ್ಲುತ್ತಲೇ ಇರುತ್ತೇವೆ. ಅಲ್ಲಿಯವರೆಗೆ ಆ ಹುಲ್ಲಿನ ಕಡೆ ಹೋಗಬೇಡ. ಹೋಗುವುದೇ ಆದರೆ ವೈರ್‌ಲೆಸ್ಸಿನವಳನ್ನು ಜೊತೆಗೆ ಕರೆದುಕೋ.

ಗುಬ್ಬಿ


ಮಾರ್ಚ್ 13

ಗುಬ್ಬೀ,

ಅವರ ಆಚೆ ಏನಿದೆ ಎಂದು ಕೇಳಿದ್ದೀಯ. ಸಮುದ್ರ.

ಅಷ್ಟು ನನಗೂ ಗೊತ್ತು. ಬಾಕ್ಸ್ ಔಟೋ ಇನ್ನೊಂದೋ, ಅವರು ನನ್ನ ಗಂಡ, ಅವರ ಬೆನ್ನಿನ ಭಾಷೆಯನ್ನು ನನಗೆ ಹೇಳಿಕೊಡುವುದು ಬೇಡ.

ನಿನಗೆ ಗೊತ್ತಿಲ್ಲದ ಒಂದನ್ನು ಹೇಳುತ್ತೇನೆ. ನೀವು ಗೆದ್ದ ಮಾರನೆಯ ದಿನ ಅವರು ಮಸುಕಾಗಿರುತ್ತಾರೆ. ಡಿಸೆಂಬರ್‌ನಲ್ಲಿ ಜರ್ಸಿಯ ನಂಬರು ಓದಬಹುದಿತ್ತು. ಈಗ ಬಣ್ಣವೂ ತಿಳಿಯುವುದಿಲ್ಲ. ಸೆಮಿಫೈನಲ್ ಆದ ಮೇಲೆ ಅವರ ಬೆನ್ನಿನೊಳಗಿಂದ ದೂರದ ಅಲೆಗಳು ಕಂಡವು. ಕೈಗಳು ಮಾತ್ರ ಹಾಗೇ ಚಾಚಿದ್ದವು.

ನೀವು ಅವರನ್ನು ಖರ್ಚು ಮಾಡುತ್ತಿದ್ದೀರಿ. ಒಂದೊಂದು ಪಾಸಿಗೂ ಒಂದಿಷ್ಟು. ಕಪ್ ನಿಮಗಿರಲಿ, ನನಗೆ ಬೇಡ. ಫೈನಲ್ಲಿನಲ್ಲಿ ಆ ಜಾಗಕ್ಕೆ ಚೆಂಡು ಎಸೆಯಬೇಡ. ಇಷ್ಟು ವರ್ಷದಲ್ಲಿ ನಿನ್ನನ್ನು ಏನೂ ಕೇಳಿದವಳಲ್ಲ. ಉಳಿದಿರುವ ಅಷ್ಟನ್ನು ನನಗೆ ಬಿಡು.

ಚೀಲ ಕಟ್ಟಿಟ್ಟಿದ್ದೇನೆ. ಹೆಚ್ಚೇನೂ ಇಲ್ಲ. ಇಪ್ಪತ್ತೊಂಬತ್ತರ ಮಧ್ಯಾಹ್ನ ಅವರು ಬಂದಾಗ ನಾನು ತಯಾರಿರಬೇಕು.

ಅಕ್ಕ


ಮಾರ್ಚ್ 29

ಅಕ್ಕಾ,

ಇದನ್ನು ನೀನು ಓದುತ್ತೀಯೋ ಇಲ್ಲವೋ ಗೊತ್ತಿಲ್ಲದೆ ಬರೆಯುತ್ತಿದ್ದೇನೆ. ಬೆಳಿಗ್ಗೆ ಮಾತ್ರ ವೈರ್‌ಲೆಸ್ಸಿನಲ್ಲಿ ಇನ್ನೊಮ್ಮೆ ಹೇಳಿಸಿದೆ. ಇವತ್ತು ಮಧ್ಯಾಹ್ನ ಅವಳ ಕೈ ಹಿಡಿದುಕೊಂಡೇ ಇರಿ ಎಂದು. ಆ ಕಡೆಯಿಂದ ಆಯಿತು ಎಂದರು. ಆಮೇಲೆ ಗರಗರ.

ನಾವು ಚಾಂಪಿಯನ್ನರು. ಅದು ನಿನಗೆ ರೇಡಿಯೋದಲ್ಲಿ ತಿಳಿದಿರುತ್ತದೆ. ತಿಳಿಯದ್ದನ್ನು ಹೇಳುತ್ತೇನೆ.

ಶುರುವಿನಲ್ಲಿ ನಿನ್ನ ಮಾತು ಉಳಿಸಿಕೊಂಡೆ. ಎಡಮೂಲೆಯ ಕಡೆ ತಿರುಗಿಯೂ ನೋಡಲಿಲ್ಲ. ಅರ್ಧ ಆಟಕ್ಕೆ ನಾವು ಮಣ್ಣುಮುಕ್ಕಿದ್ದೆವು. ಅದಕ್ಕಲ್ಲ ನಾನು ಬದಲಾದದ್ದು. ಗೆದ್ದರೂ ಸೋತರೂ ಅದೇ ಕೊನೆಯ ಆಟ. ಮಧ್ಯಂತರದಲ್ಲಿ ಷೂ ಬಿಚ್ಚಿ ಕೂತಿದ್ದಾಗ ತಲೆಗೆ ಹೊಳೆಯಿತು. ಭಾವ ಯಾಕೆ ನಮ್ಮನ್ನು ಗೆಲ್ಲಿಸುತ್ತಿದ್ದರು? ಬದುಕಿದ್ದಾಗ ಹತ್ತು ವರ್ಷ ಆಡಿಯೂ ಒಂದು ಕಪ್ ಗೆದ್ದವರಲ್ಲ, ಅದರ ಹಂಬಲವೂ ಇದ್ದವರಲ್ಲ. ಸೀಸನ್ ಮುಗಿಯುವ ತನಕ ನಿನ್ನನ್ನು ನಿಲ್ಲಿಸಿಕೊಂಡರು. ಸೀಸನ್ ಬೇಗ ಮುಗಿಯದಂತೆ ನೋಡಿಕೊಂಡರು. ಮುಗಿಯುವ ಹೊತ್ತಿಗೆ ನಿನ್ನನ್ನು ಕರೆದೊಯ್ಯಲು ತಾವೇ ಉಳಿದಿರಬಾರದೆಂದು ನಮ್ಮ ಕೈಯಲ್ಲಿ ಖರ್ಚಾಗುತ್ತಾ ಬಂದರು. ನಿನಗೆ ಇಲ್ಲ ಅನ್ನುವುದು ಅವರಿಗೆ ಯಾವತ್ತೂ ಬರಲಿಲ್ಲವಲ್ಲ.

ಕೋರ್ಟಿಗೆ ಎಲ್ಲರಿಗಿಂತ ಮೊದಲು ಹೋದೆ. ಆ ಮೂಲೆಯ ಹತ್ತಿರ ನಿಂತೆ. ತಣ್ಣಗಿತ್ತು, ಆದರೆ ಬಹಳ ಕಡಿಮೆ, ತೆರೆದ ಕಿಟಕಿಯ ಮುಂದೆ ನಿಂತಷ್ಟೇ. ಜನರ ಗದ್ದಲದಲ್ಲಿ ನನ್ನ ಮಾತು ಯಾರಿಗೂ ಕೇಳಿಸಲಿಲ್ಲ.

"ಭಾವ, ಏನೂ ಉಳಿಸ್ಕೋಬೇಡಿ" ಅಂದೆ. "ಎಲ್ಲಾ ಇಲ್ಲೇ ಮುಗಿಸಿ. ಅಕ್ಕನ್ನ ನಾನು ನೋಡ್ಕೋತೀನಿ."

ಆಮೇಲೆ ಕೈಗೆ ಬಂದ ಪ್ರತಿ ಚೆಂಡನ್ನೂ ಅಲ್ಲಿಗೇ ಎಸೆದೆ. ಪ್ರತಿಯೊಂದೂ ವಾಪಸು ಬಂತು. ಬರುಬರುತ್ತಾ ಮೆಲ್ಲಗೆ. ಅಂಗೈಯ ಸದ್ದು ಕ್ಷೀಣಿಸಿತು, ಬೆರಳಿನ ಸದ್ದಾಯಿತು, ಕೊನೆಗೆ ಉಗುರು ತಾಗಿದಷ್ಟು. ಸ್ಕೋರು ಸಮವಾಯಿತು. ಇನ್ನು ಕೆಲವೇ ಸೆಕೆಂಡು ಇರುವಾಗ ಮತ್ತೆ ಎಸೆದೆ. ಚೆಂಡು ಆ ಜಾಗದೊಳಗಿಂದ ಹಾದು, ಗೆರೆ ದಾಟಿ, ಫೋಟೋಗ್ರಾಫರ ಕಾಲಿಗೆ ಬಡಿದು ನಿಂತಿತು. ಅಲ್ಲಿ ಏನೂ ಇರಲಿಲ್ಲ. ಬರೀ ನೆಲ.

ನಾನು ಆ ನೆಲ ನೋಡುತ್ತಾ ನಿಂತುಬಿಟ್ಟೆ. ಚೆಂಡು ಸಿಕ್ಕ ಎದುರಾಳಿಗಳು ಅವಸರದಲ್ಲಿ ಎಸೆದದ್ದು ತಪ್ಪಿತು, ನಮ್ಮವರು ಅದನ್ನು ಹಿಡಿದು ನನಗೆ ದಾಟಿಸಿದರು. ಆಗ ಕಂಬ, ಇಡೀ ವರ್ಷ ಅತ್ತ ಕಾಲಿಡದವನು, ಓಡಿಬಂದು ಆ ಜಾಗದಲ್ಲೇ ನಿಂತು ಕೈ ಚಾಚಿದ. ಮುಖ ಬಿಳಿಚಿತ್ತು. ಕೊಟ್ಟೆ. ಹಾಕಿದ. ಅಷ್ಟೇ.

ಎಲ್ಲರೂ ಅಳುತ್ತಾ ನಗುತ್ತಾ ಒಬ್ಬರ ಮೇಲೊಬ್ಬರು ಬಿದ್ದರು. ಮೇಷ್ಟ್ರು ನನ್ನ ಪಕ್ಕ ಬಂದು ಕೂತು, "ಹೋದ್ನಾ?" ಎಂದು ಕೇಳಿದರು. ತಲೆಯಾಡಿಸಿದೆ.

ನೀನು ಬೇಡಿದ್ದನ್ನು ತಿಳಿದೂ ತಿಳಿದೂ ಕೊಡಲಿಲ್ಲ. ಎಷ್ಟು ಬೇಕೋ ಅಷ್ಟು ಬಯ್ಯಿ. ಬಯ್ಯಲು ಇದ್ದರೆ ಸಾಕು.

ಗುಬ್ಬಿ


ಏಪ್ರಿಲ್ 5

ಗುಬ್ಬೀ,

ಇದ್ದೇನೆ.

ಫೈನಲ್ ಕೇಳಿದೆ. ಅರ್ಧ ಆದ ಮೇಲೆ ವರದಿಗಾರ ಮತ್ತೆ ಮತ್ತೆ ಎಡಮೂಲೆ ಎಡಮೂಲೆ ಎಂದಾಗ ನಿನ್ನ ಕುತ್ತಿಗೆ ಹಿಸುಕಬೇಕು ಅನ್ನಿಸಿತು. ಈಗಲೂ ಅನ್ನಿಸುತ್ತಿದೆ. ಆ ಕೋಪ ಇಷ್ಟು ಬೇಗ ಇಳಿಯುವಂಥದ್ದಲ್ಲ.

ಇಪ್ಪತ್ತೊಂಬತ್ತರ ಬೆಳಿಗ್ಗೆಯಿಂದ ವೈರ್‌ಲೆಸ್ಸಿನವಳು ನೆರಳಿನ ಹಾಗೆ ಹಿಂದೆ ಬಿದ್ದಿದ್ದಳು. ಮಧ್ಯಾಹ್ನ ಅವಳ ಯಂತ್ರ ಕೂಗಿತು, ಸಂದೇಶ ಬರೆದುಕೊಳ್ಳಲು ಒಳಗೆ ಹೋದಳು. ನಾನು ಚೀಲ ಹಿಡಿದು ಗುಡ್ಡ ಹತ್ತಿದೆ. ಪೆಟ್ಟಿಗೆಯ ಬಾಗಿಲು ತೆರೆದೆ, ಮುಚ್ಚಿದೆ, ತಿರುಗಿದೆ. ಯಾರೂ ಇರಲಿಲ್ಲ. ಹುಲ್ಲೆಲ್ಲ ಒಂದೇ ಕಡೆಗೆ ಮಲಗಿತ್ತು, ಆ ಜಾಗದ ಹುಲ್ಲು ಕೂಡ.

ನಡೆದುಕೊಂಡು ಹೋದೆ. ಬೇಲಿ ಬಿದ್ದ ಕಡೆ ನಿಂತೆ. ಅಷ್ಟು ಮುಂದೆ ನಾನು ಯಾವತ್ತೂ ಹೋಗಿರಲಿಲ್ಲ, ಹೋಗಲು ಅವರು ಬಿಟ್ಟೇ ಇರಲಿಲ್ಲ. ಕೆಳಗೆ ನೀರು ಬಂಡೆಗೆ ಬಡಿಯುತ್ತಿತ್ತು. ತಡೆಯಲು ಯಾರೂ ಇರಲಿಲ್ಲ ಗುಬ್ಬೀ. ನೀನೂ ಇರಲಿಲ್ಲ. ಎಷ್ಟು ಹೊತ್ತು ನಿಂತೆನೋ.

ಆಮೇಲೆ ನನಗೆ ಹಸಿವಾಯಿತು. ಬರೆಯಲು ನಾಚಿಕೆಯಾಗುತ್ತದೆ, ಅಂಥ ಹೊತ್ತಿನಲ್ಲಿ, ಹೊಟ್ಟೆ ಕಿವುಚುವಂಥ ಹಸಿವು. ಜುಲೈಯಿಂದ ಈಚೆ ಬಾಯಿಗೆ ಏನು ಹಾಕಿಕೊಂಡರೂ ಹಿಟ್ಟು ಜಗಿದಂತಿತ್ತು. ಅಲ್ಲೇ ಕುಸಿದು ಕೂತೆ. ಅವರನ್ನು ಮಣ್ಣು ಮಾಡಿದ ದಿನ ಬಾರದ ಅಳು ಅಲ್ಲಿ ಬಂತು. ಅತ್ತು ಮುಗಿಸಿ ಚೀಲ ಎತ್ತಿಕೊಂಡು ಗುಡ್ಡ ಇಳಿದೆ.

ವರ್ಗಾವಣೆಗೆ ಬರೆದುಕೊಟ್ಟಿದ್ದೇನೆ. ಹದಿನೆಂಟರ ದೋಣಿಗೆ ಜನರನ್ನು ಹತ್ತಿಸಿಕೊಳ್ಳುತ್ತಾರಂತೆ. ಎದುರಿಗೆ ಕೂತು ಬಯ್ಯುವುದು ತುಂಬ ಇದೆ, ಪಡಸಾಲೆಯಲ್ಲಿ ಹಾಸಿಗೆ ಹಾಕಿಕೊಂಡಿರು.

ಒಂದು ಉಳಿಯಿತು. ಅಂದು ಊಟದ ಕೋಣೆಗೆ ಬಂದಾಗ ವೈರ್‌ಲೆಸ್ಸಿನವಳು ನನ್ನನ್ನು ಹುಡುಕಲು ಹೊರಟು ಬಾಗಿಲಲ್ಲೇ ನಿಂತಿದ್ದಳು. ನನ್ನ ಮುಖ ನೋಡಿದಳು. ತಟ್ಟೆ ಇಟ್ಟು ಬಡಿಸಿದಳು. ನಾನು ಗಬಗಬ ತಿನ್ನುವುದನ್ನು ನೋಡುತ್ತಾ ಎದುರಿಗೆ ಕೂತಳು. ಆಮೇಲೆ ಕಿಟಕಿಯಾಚೆ ಗುಡ್ಡದ ಕಡೆ ನೋಡಿ, ತುಂಬ ದಿನದಿಂದ ಕೇಳಬೇಕೆಂದಿದ್ದವಳ ಹಾಗೆ ಮೆಲ್ಲಗೆ ಕೇಳಿದಳು.

"ಅಲ್ಲಿ ಕೈ ಅಗಲಿಸ್ಕೊಂಡು ನಿಂತಿರ್ತಿದ್ರಲ್ಲ, ಆ ಎತ್ತರದವರು... ಇವತ್ತು ಕಾಣ್ಲಿಲ್ಲ?"

"ಹೋದ್ರು" ಅಂದೆ.

ಇಷ್ಟು ತಿಂಗಳಲ್ಲಿ ಆ ಮಾತನ್ನು ನಾನು ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. ಅವಳು ತಲೆಯಾಡಿಸಿ ನನ್ನ ತಟ್ಟೆಗೆ ಇನ್ನೊಂದು ಸೌಟು ಹಾಕಿದಳು.

ಅಕ್ಕ